ರೈಸ್ ಮಿಲ್ಲಿನಲ್ಲಿ ಕಂಡ ಸೀತೆ

ದೆವ್ವ, ಪವಾಡ, ಮೈಮೇಲೆ ಬರುವುದು ಎಂಬ ಮಾತು ಕೇಳಿದರೆ ಮೊದಲಿನಿಂದಲೂ ನನಗೆ ರೇಗುತ್ತದೆ. ನಾನು ತೀರ್ಥಹಳ್ಳಿ ಕಡೆಯ ಒಂದು ಪ್ರೈಮರಿ ಶಾಲೆಯಲ್ಲಿ ಟೀಚರಾಗಿದ್ದವಳು. ಆಗುಂಬೆ ಘಾಟಿಯ ತಿರುವಿನಲ್ಲಿ ಬಿಳಿ ಸೀರೆಯವಳು ಬಸ್ಸಿಗೆ ಕೈ ಅಡ್ಡ ಹಿಡಿದಳಂತೆ ಎಂದು ಕಥೆ ತಂದ ಹುಡುಗರನ್ನು ಬೆಂಚಿನ ಮೇಲೆ ಹತ್ತಿಸಿ, ಅವಳು ಟಿಕೆಟ್ ತೆಗೆದುಕೊಂಡಳಾ ಎಂದು ಕೇಳುತ್ತಿದ್ದೆ. ಅಂಥವಳು ಈಗ ಅಂಥದೇ ಒಂದು ಕಥೆ ಬರೆಯಲು ಕೂತಿದ್ದೇನೆ. ನಗುವವರು ಧಾರಾಳವಾಗಿ ನಗಲಿ. ಕೈ ಮುಗಿಯುವವರು ಮಾತ್ರ ಇದನ್ನು ಓದದಿದ್ದರೆ ಒಳ್ಳೆಯದು. ನಗುವವರಿಗಿಂತ ಅವರ ಮೇಲೆ ನನಗೆ ಸಿಟ್ಟು ಹೆಚ್ಚು. ಯಾಕೆ ಎಂಬುದು ಹೇಳುತ್ತಾ ಹೋದಂತೆ ನಿಮಗೇ ತಿಳಿಯುತ್ತದೆ.

ಇದು ಅರವತ್ತರ ದಶಕದ ಮಾತು. ಲಿಂಗನಮಕ್ಕಿಯಲ್ಲಿ ಶರಾವತಿಗೆ ಅಡ್ಡ ಕಟ್ಟಿ ನೀರು ನಿಲ್ಲಿಸಿದ ಕಾಲ. ನನ್ನ ಅಕ್ಕ ಗಿರಿಜಳನ್ನು ಕೊಟ್ಟಿದ್ದು ಸಾಗರ ತಾಲ್ಲೂಕಿನ ಹೊಳೆಯಾಚೆಯ ಒಂದು ಮನೆಗೆ. ಆ ಊರು ಮುಳುಗುತ್ತದೆ ಎಂದು ಗೊತ್ತಾಗಿ ಅವರಿಗೆ ಹೊಸನಗರದ ಹತ್ತಿರ ಬದಲಿ ಜಮೀನು ಸಿಕ್ಕಿತ್ತು. ಅಕ್ಕನ ಗಂಡ, ಅಂದರೆ ನಮ್ಮ ಭಾವ, ಮತ್ತು ಅವಳ ಮಾವ ಸೇರಿ ಮನೆ ಬಿಚ್ಚಿ ಸಾಗಿಸಿದರು. ಹಂಚು ಹೋಯಿತು, ಬಾಗಿಲು ಹೋಯಿತು, ದಾರಂದ ಹೋಯಿತು, ರುಬ್ಬುವ ಒಳಕಲ್ಲನ್ನೂ ಗೋಣಿ ಸುತ್ತಿ ಗಾಡಿಗೆ ಹಾಕಿದರು. ಕರು ಹಾಕಿದ ಎಮ್ಮೆಯೊಂದು ಅಷ್ಟು ದೂರ ನಡೆಯುವ ಸ್ಥಿತಿಯಲ್ಲಿರಲಿಲ್ಲ. ಅದನ್ನು ನೋಡಿಕೊಳ್ಳಲು ಅಕ್ಕನನ್ನು ಬಿಟ್ಟು, ನಾಳೆ ಬಂದು ಕರೆದುಕೊಂಡು ಹೋಗುತ್ತೇವೆ ಎಂದು ಹೊರಟರು.

ನಾಳೆ ಅವರು ಬರಲಿಲ್ಲ. ಆ ವರ್ಷ ಮಳೆ ಬೇಗ ಹಿಡಿಯಿತು, ಹಳ್ಳ ದಾಟುವ ಮರದ ಸಂಕ ಮುಳುಗಿತು, ದಾರಿ ಕಡಿಯಿತು. ಸರಿ, ದಾರಿ ಕಡಿದದ್ದು ಭಾವನ ತಪ್ಪಲ್ಲ. ಆದರೆ ದೋಣಿಗಳಿದ್ದವು, ದೋಣಿ ನಡೆಸುವವರಿದ್ದರು, ಬೇರೆ ಮನೆಯವರು ತಮ್ಮ ತಮ್ಮ ಜನರನ್ನು ದಾಟಿಸಿಕೊಂಡರು. ಭಾವ ಯಾಕೆ ಬರಲಿಲ್ಲ ಎಂದು ಆಮೇಲೆ ಕೇಳಿದರೆ, ಎತ್ತಿಗೆ ಕಾಲುಬೇನೆ ಬಂದಿತ್ತು ಎಂದ. ಇವತ್ತಿಗೂ ಆ ಮಾತು ನೆನೆದರೆ ನನ್ನ ಮೈ ಉರಿಯುತ್ತದೆ.

ಅಂಗಳಕ್ಕೆ ನೀರು ಬಂದಾಗ ಅಕ್ಕ ಎಮ್ಮೆ ಬಿಚ್ಚಿ, ಕರು ಎತ್ತಿಕೊಂಡು ಗುಡ್ಡ ಹತ್ತಿದಳು. ಗುಡ್ಡದಾಚೆ ಅಣೆಕಟ್ಟಿನ ಕೆಲಸಕ್ಕೆ ಬಂದ ಕೂಲಿಗಳ ಶೆಡ್ಡುಗಳಿದ್ದವು. ತಮಿಳು ಸೀಮೆಯ ಹೆಂಗಸರು ಇವಳನ್ನು ಒಳಗೆ ಕರೆದು ಮಲಗಲು ಜಾಗ ಕೊಟ್ಟರು. ದಾರಿ ತೆರೆಯುವವರೆಗೆ ಅಲ್ಲೇ ಇದ್ದಳು. ಆಮೇಲೆ ಸಿಮೆಂಟಿನ ಲಾರಿಯೊಂದು ಸಾಗರಕ್ಕೆ ಹೊರಟಿತ್ತು, ಎಮ್ಮೆ, ಕರುವನ್ನು ಆ ಹೆಂಗಸರಿಗೆ ಒಪ್ಪಿಸಿ ಹೊರಟ ಅವಳನ್ನು ಡ್ರೈವರು ಕೂರಿಸಿಕೊಂಡು ಬಂದು ಬಸ್ ಸ್ಟ್ಯಾಂಡಿನಲ್ಲಿ ಇಳಿಸಿದ. ಇಷ್ಟೇ ನಡೆದದ್ದು. ಆದರೆ ಲಾರಿಯಿಂದ ಇಳಿಯುವುದನ್ನು ಭಾವನ ಕಡೆಯವರೊಬ್ಬರು ನೋಡಿದರು. ಕಂಡದ್ದು ಲಾರಿ, ಊರಿಗೆ ಬಂದು ಹೇಳಿದ್ದು ಏನೇನೋ. ಹೊಸ ಜಮೀನಿನ ಹೊಸ ಮನೆಯಲ್ಲಿ ಹಳೆಯ ಬಾಗಿಲು, ದಾರಂದ ಎಲ್ಲಾ ಕೂತವು. ಅಕ್ಕನಿಗೆ ಮಾತ್ರ ಆ ಬಾಗಿಲು ದಾಟಲು ಬಿಡಲಿಲ್ಲ. ನೀನು ಅಪ್ಪನ ಮನೆಯಲ್ಲೇ ಇರು, ಆಮೇಲೆ ನೋಡೋಣ ಎಂದರು.

ಅಪ್ಪನ ಮನೆಯೆಂದರೆ ನಮ್ಮದು. ಹೊಸನಗರದಿಂದ ನಿಟ್ಟೂರಿಗೆ ಹೋಗುವ ದಾರಿಯಲ್ಲಿತ್ತು. ನಮ್ಮ ಅಪ್ಪಯ್ಯನ ಬಗ್ಗೆ ಇಲ್ಲಿ ಹೇಳಲೇಬೇಕು. ಅವರು ತಾಳಮದ್ದಲೆಯ ಅರ್ಥಧಾರಿ. ತಾಳಮದ್ದಲೆ ನೋಡದವರಿಗೆ ಎರಡು ಮಾತು: ವೇಷ ಇಲ್ಲ, ಕುಣಿತ ಇಲ್ಲ. ಭಾಗವತರು ಪದ ಹೇಳುತ್ತಾರೆ, ಎದುರು ಬದುರು ಕೂತವರು ಒಬ್ಬ ರಾಮ, ಒಬ್ಬ ವಾಲಿ ಎಂದು ಪಾತ್ರ ಹಿಡಿದು ಅಲ್ಲಲ್ಲೇ ಮಾತು ಕಟ್ಟಿ ವಾದ ಮಾಡುತ್ತಾರೆ. ಅದಕ್ಕೆ ಅರ್ಥ ಹೇಳುವುದು ಎನ್ನುತ್ತಾರೆ. ಒಬ್ಬ ಮಾತು ಮುಗಿಸಿ ಸುಮ್ಮನಾದರೆ ಎದುರಿನವನು ಉತ್ತರ ಕೊಡಲೇಬೇಕು, ಅದು ಪದ್ಧತಿ. ತೀರ್ಥಹಳ್ಳಿಯಿಂದ ಸಾಗರದವರೆಗೆ ರಾಮನ ಅರ್ಥ ಎಂದರೆ ನಮ್ಮ ಅಪ್ಪಯ್ಯನೇ. ವಾಲಿಯನ್ನು ಮರೆಯಿಂದ ಕೊಂದದ್ದು ಸರಿ ಎಂದು ಅವರು ಶುರು ಮಾಡಿದರೆ ಸತ್ತ ವಾಲಿಯೂ ಎದ್ದು ಒಪ್ಪಿಕೊಳ್ಳಬೇಕು, ಅಂಥ ಮಾತು.

ಆ ಮಾತುಗಾರ ಮಗಳ ವಿಷಯಕ್ಕೆ ಬಾಯಿ ಬಿಡಲಿಲ್ಲ. ಅಕ್ಕನ ಮಾವ ನಾಲ್ಕು ಜನರನ್ನು ಕರೆದುಕೊಂಡು ಬಂದು ನಮ್ಮ ಜಗಲಿಯಲ್ಲಿ ಕೂತರು. ಕಾಫಿ ಕುಡಿದರು, ಎಲೆ ಅಡಿಕೆ ಹಾಕಿದರು, ತೀರ್ಮಾನ ಹೇಳಿದರು. ಗಿರಿಜ ಊರ ದೇವಸ್ಥಾನದ ಬಾವಿಯಲ್ಲಿ ಮಿಂದು ಒದ್ದೆ ಬಟ್ಟೆಯಲ್ಲಿ ದೇವರ ಎದುರು ನಿಲ್ಲಬೇಕು. ಉರಿಯುವ ಕರ್ಪೂರವನ್ನು ಅಂಗೈಯಿಂದ ಆರಿಸಿ, ನಾನು ಶುದ್ಧಳು ಎಂದು ಪ್ರಮಾಣ ಮಾಡಬೇಕು. ಮಾಡಿದರೆ ಆ ದಿನವೇ ಕರೆದುಕೊಂಡು ಹೋಗುತ್ತೇವೆ, ಇಲ್ಲದಿದ್ದರೆ ಸಂಬಂಧ ಮುಗಿಯಿತು. ರಾಮನವಮಿಯ ಮರುದಿನ ಬೆಳಿಗ್ಗೆಗೆ ಅದು ನಿಶ್ಚಯವಾಯಿತು. ಅಪ್ಪಯ್ಯ ತಲೆಯಾಡಿಸಿದರು.

ಅವರು ಹೋದ ಮೇಲೆ ಅಕ್ಕ ಜಗಲಿಗೆ ಬಂದು ಒಂದೇ ಮಾತು ಕೇಳಿದಳು. "ಅಪ್ಪಯ್ಯ, ನೀವು ನನ್ನ ನಂಬ್ತೀರಾ?"

"ನಾನು ನಂಬುದು ಬೇರೆ, ಊರು ನಂಬುದು ಬೇರೆ ಮಗಾ," ಎಂದರು ಅಪ್ಪಯ್ಯ. "ಕರ್ಪೂರ ಎಷ್ಟು ಹೊತ್ತು ಉರೀತದೆ? ಒಂದು ಚಣ ತಡ್ಕೊ. ನಿನ್ನ ಬಾಳು ನೇರ ಆಗ್ತದೆ."

ರಜೆಗೆ ಮನೆಗೆ ಬಂದಿದ್ದ ನನಗೆ ಪಿತ್ತ ನೆತ್ತಿಗೇರಿತು. "ಅವರ ಮಗನ ಅಂಗೈಗೂ ಒಂದು ಕರ್ಪೂರ ಇಡಿ ಹಾಗಾದ್ರೆ. ಬಿಟ್ಟು ಬಂದವ ಅವನಲ್ವಾ?" ಎಂದೆ. ಅಪ್ಪಯ್ಯ ನನ್ನ ಕಡೆ ನೋಡದೆ, "ಇವಳಿಗೆ ಸಂಬಳ ಬರೋಕೆ ಶುರುವಾದ ಮೇಲೆ ನಾಲಿಗೆ ಉದ್ದ ಆಗಿದೆ," ಎಂದು ಎದ್ದು ಹೋದರು. ಅಕ್ಕ ಒಲೆ ಮೇಲೆ ಅನ್ನ ಇಟ್ಟು ಬಂದಿದ್ದಳು, ನೋಡಲು ಒಳಗೆ ಹೋದಳು.

ಇಷ್ಟರಲ್ಲಿ ನಮ್ಮೂರಿಗೆ ಸಿನಿಮಾ ಬಂತು. ಸಾಗರದಲ್ಲಿ ಮಾತಾಡುವ ಸಿನಿಮಾ, ಹಾಡುವ ಸಿನಿಮಾ ಎಲ್ಲಾ ನಡೆಯುತ್ತಿದ್ದ ಕಾಲದಲ್ಲಿ ಇದು ಮೂಕಿ ಚಿತ್ರ. ದತ್ತೋಬ ಎಂಬ ಮುದುಕ ತಗಡಿನ ಪೆಟ್ಟಿಗೆಗಳಲ್ಲಿ ಹಳೆಯ ರೀಲುಗಳನ್ನು ಹೊತ್ತುಕೊಂಡು, ಕರೆಂಟಿಲ್ಲದ ಊರುಗಳನ್ನು ಹುಡುಕಿ ಬರುತ್ತಿದ್ದ. ಬೆಳಗಾವಿ ಕಡೆಯವನು. ಅವನ ಮಾವನೊಬ್ಬ ಎತ್ತಿನ ಗಾಡಿಯಲ್ಲಿ ಊರೂರು ತಿರುಗಿ ತೋರಿಸುತ್ತಿದ್ದ ರಾಮಾಯಣ ಅದು. ಯಂತ್ರವನ್ನು ಕೈಯಲ್ಲೇ ತಿರುಗಿಸಬೇಕು, ಬೆಳಕಿಗೆ ಕಾರ್ಬೈಡ್ ಗ್ಯಾಸಿನ ದೀಪ. ಆ ರೀಲು ಬೇಗ ಬೆಂಕಿ ಹಿಡಿಯುವ ಜಾತಿಯದು. ತಿರುಗಿಸುವ ಕೈ ನಿಂತು ಚಿತ್ರ ಒಂದೇ ಕಡೆ ನಿಂತಿತೋ, ದೀಪದ ಕಾವಿಗೆ ಭಗ್ಗೆಂದು ಹತ್ತಿಕೊಳ್ಳುತ್ತದೆ. ಅದಕ್ಕೇ ಪಕ್ಕದಲ್ಲಿ ಎರಡು ಬಕೆಟ್ಟು ನೀರು ಇಟ್ಟುಕೊಳ್ಳುತ್ತಿದ್ದ. ಈ ವಿಷಯ ದಯವಿಟ್ಟು ನೆನಪಿಟ್ಟುಕೊಳ್ಳಿ.

ಎಣ್ಣೆ ಎಂಜಿನ್ನಿನಲ್ಲಿ ರೈಸ್ ಮಿಲ್ ನಡೆಸುತ್ತಿದ್ದ ಸಾಹುಕಾರರು ರಾಮನವಮಿಯ ಮಧ್ಯಾಹ್ನ ತಮ್ಮ ಗೋದಾಮಿನಲ್ಲೇ ಆಟ ಇಡಿಸಿದರು. ಕಿಟಕಿ, ಗವಾಕ್ಷಿಗಳಿಗೆಲ್ಲ ಗೋಣಿಚೀಲ ಬಡಿಸಿ ಹಗಲಲ್ಲೇ ಕತ್ತಲು ಮಾಡಿದ್ದರು. ಚಿತ್ರದ ಮಧ್ಯೆ ಬರುವ ಬರಹ ನಮ್ಮ ಭಾಷೆಯದಲ್ಲ, ಯಾರಿಗೂ ಓದಲು ಬರುವುದಿಲ್ಲ. ಮೊದಲು ದತ್ತೋಬನೇ ಪಕ್ಕದಲ್ಲಿ ನಿಂತು ಕಥೆ ಹೇಳುತ್ತಿದ್ದನಂತೆ, ಈಗ ಗಂಟಲು ಬಿದ್ದುಹೋಗಿತ್ತು. ಹಾಗಾಗಿ ಸಾಹುಕಾರರು ಅಪ್ಪಯ್ಯನಿಗೆ ಹೇಳಿಕಳಿಸಿದರು, ಪರದೆಯ ಪಕ್ಕ ಕೂತು ಅರ್ಥ ಹೇಳಬೇಕು ಎಂದು. ಅಪ್ಪಯ್ಯನಿಗೆ ಬೇಡ ಎನ್ನಲು ಕಾರಣವಿರಲಿಲ್ಲ. ಮರುದಿನದ ಪ್ರಮಾಣಕ್ಕೆಂದು ಬಂದಿದ್ದ ಭಾವ, ಅಕ್ಕನ ಮಾವ ಇಬ್ಬರಿಗೂ ಮುಂದಿನ ಸಾಲಿನಲ್ಲಿ ಕುರ್ಚಿ. ಅಕ್ಕ ಬರುವುದಿಲ್ಲ ಎಂದಳು. ಮನೆಯಲ್ಲಿ ಒಬ್ಬಳೇ ಕೂತರೆ ಜನ ಇನ್ನೊಂದು ಹೇಳುತ್ತಾರೆ ಎಂದು ಅಪ್ಪಯ್ಯ ಹೊರಡಿಸಿದರು.

ಒಳಗೆ ಹೋಗುವ ಮೊದಲು ಎಲ್ಲರೂ ಚಪ್ಪಲಿ ಬಿಟ್ಟರು. ಪರದೆಗೆ ಹೂವಿನ ಮಾಲೆ ಹಾಕಿ, ತೆಂಗಿನಕಾಯಿ ಒಡೆದು, ಆರತಿ ಎತ್ತಿದರು. ಪಾನಕ, ಕೋಸಂಬರಿ ಹಂಚಿದರು. ಗಂಡಸರೆಲ್ಲ ಒಂದು ಕಡೆ, ಹೆಂಗಸರೆಲ್ಲ ಇನ್ನೊಂದು ಕಡೆ ಚಾಪೆಯ ಮೇಲೆ. ನಾನು, ಅಕ್ಕ ಪಕ್ಕ ಪಕ್ಕ ಕೂತೆವು. ತೌಡಿನ ವಾಸನೆಗೆ ಕಾರ್ಬೈಡಿನ ನಾತ ಸೇರಿಕೊಂಡು ತಲೆ ಸಿಡಿಯುತ್ತಿತ್ತು.

ಚಿತ್ರ ಶುರುವಾಯಿತು. ರಾಮ, ಲಕ್ಷ್ಮಣರು ತಗಡು ಕಿರೀಟ ಹಾಕಿಕೊಂಡು ಗಡಗಡ ಓಡಾಡುತ್ತಿದ್ದರು. ಸೀತೆಯ ಪಾತ್ರ ಮಾಡಿದವನು ಗಂಡಸು. ಆ ಕಾಲದಲ್ಲಿ ಸಿನಿಮಾಕ್ಕೆ ಹೆಂಗಸರು ಬರುತ್ತಿರಲಿಲ್ಲವಂತೆ. ದಪ್ಪ ಮೊಣಕೈ, ಅಗಲ ಭುಜ, ಸೆರಗು ಹೊದ್ದರೂ ಮುಚ್ಚದ ಗಂಡು ನಡಿಗೆ. ನಮ್ಮವರಿಗೆ ಅದು ವಿಚಿತ್ರ ಅನ್ನಿಸಲಿಲ್ಲ, ಯಕ್ಷಗಾನದಲ್ಲಿ ನೋಡಿದ್ದೂ ಅದನ್ನೇ. ನನಗೆ ಮಾತ್ರ ಅವತ್ತು ಕೂತಲ್ಲೇ ಕುದಿಯುತ್ತಿತ್ತು. ಸೀತೆಯ ವೇಷ ಹಾಕಿದವನು ಗಂಡಸು, ಸೀತೆಯ ಅರ್ಥ ಹೇಳುವವರು ಗಂಡಸರು, ಕಟ್ಟಿಗೆ ಒಟ್ಟಿ ಬೆಂಕಿ ಹಚ್ಚುವವರೂ ಅವರೇ. ಇಷ್ಟೆಲ್ಲ ಅವರೇ ಮಾಡಿಕೊಂಡ ಮೇಲೆ ಬೆಂಕಿಗೂ ಅವರೇ ಹೋಗಬಹುದಿತ್ತಲ್ಲ.

ಅಪ್ಪಯ್ಯ ಮಾತ್ರ ಸೊಗಸಾಗಿ ಹೇಳುತ್ತಿದ್ದರು, ಅದನ್ನು ಇಲ್ಲ ಎನ್ನಲಾರೆ. ದಶರಥ ಸತ್ತಾಗ ಜನ ಅತ್ತರು, ಸಮುದ್ರಕ್ಕೆ ಸೇತುವೆ ಕಟ್ಟುವಾಗ ಜೈ ಎಂದರು. ಎಲ್ಲಾ ಪಾತ್ರಗಳಿಗೂ ಅವರೊಬ್ಬರೇ ಅರ್ಥ. ಹನುಮಂತನಿಗೆ ಒಂದು ದನಿ, ರಾವಣನಿಗೆ ಒಂದು ದನಿ. ರಾವಣ ಬಿದ್ದ. ಸೀತೆಯನ್ನು ಕರೆತಂದರು. ಪರದೆಯ ಮೇಲೆ ಒಂದು ಕಡೆ ಕಟ್ಟಿಗೆ ಉರಿಯುತ್ತಿತ್ತು. ರಾಮ ಕೈ ಎತ್ತಿ ಏನೋ ಹೇಳತೊಡಗಿದ.

ಅಲ್ಲಿ ಅಪ್ಪಯ್ಯನಿಗೆ ಆವೇಶ ಬಂತು. ನಾನು ನಿನ್ನನ್ನು ನಂಬುವುದು ಬೇರೆ, ಲೋಕ ನಂಬುವುದು ಬೇರೆ, ಪರರ ನೆಲದಲ್ಲಿದ್ದು ಬಂದವಳನ್ನು ಸುಮ್ಮನೆ ಒಳಗೆ ಕರೆದುಕೊಂಡರೆ ನಾಳೆ ಊರಿನ ಹೆಣ್ಣುಮಕ್ಕಳಿಗೆ ಯಾವ ಕಟ್ಟು, ಯಾವ ಮೇರೆ ಎಂದು ರಾಮನ ಬಾಯಲ್ಲಿ ಹೇಳಿದರು. ಜಗಲಿಯಲ್ಲಿ ಮಗಳಿಗೆ ಹೇಳಿದ ಅದೇ ಮಾತು, ಈಗ ಗ್ರಂಥದ ಭಾಷೆಯಲ್ಲಿ. ಅಕ್ಕನ ಮಾವ ಭೇಷ್ ಭೇಷ್ ಎಂದು ತೊಡೆ ತಟ್ಟಿದರು. ಅಪ್ಪಯ್ಯ ಮಾತು ಮುಗಿಸಿ, ಹೆಗಲ ಮೇಲಿನ ಶಾಲು ಸರಿಮಾಡಿಕೊಂಡು, ಹಿಂದಕ್ಕೆ ಒರಗಿ ಕೂತರು.

ಅವರು ಮಾಡಿದ ತಪ್ಪು ಅದು. ಬೇರೆ ಯಾರೂ ಮಾಡುವಂಥದಲ್ಲ, ಜೀವಮಾನವೆಲ್ಲ ತಾಳಮದ್ದಲೆಯಲ್ಲಿ ಕೂತವರು ಮಾತ್ರ ಮಾಡುವಂಥದು. ಗೆಲ್ಲುವ ಮಾತಾಡಿದ ಗುಂಗಿನಲ್ಲಿ, ಎದುರಿನವನು ಉತ್ತರ ಹೇಳಲಿ ಎಂದು ಅಭ್ಯಾಸದಂತೆ ಕಾಯುತ್ತಾ ಕೂತುಬಿಟ್ಟರು. ಸೀತೆಯ ಅರ್ಥಕ್ಕೆ ಬೇರೆ ಯಾರೂ ಇಲ್ಲ, ಅದನ್ನೂ ತಾವೇ ಹೇಳಬೇಕು ಎಂಬುದು ಅವರಿಗೆ ಮರೆತುಹೋಗಿತ್ತು.

ಗೋದಾಮಿನಲ್ಲಿ ಕೇಳುತ್ತಿದ್ದದ್ದು ದತ್ತೋಬನ ಯಂತ್ರದ ಟರಟರ ಒಂದೇ. ಪರದೆಯ ಮೇಲೆ ಆ ಸೀತೆ ಅಪ್ಪಯ್ಯ ಕೂತ ಕಡೆಗೆ ತಿರುಗಿ ನಿಂತಳು. ಬೆಂಕಿ ಉರಿಯುತ್ತಿತ್ತು, ರಾಮನ ಉತ್ತರೀಯ ಗಾಳಿಗೆ ಹಾರುತ್ತಿತ್ತು, ಎಲ್ಲವೂ ನಡೆಯುತ್ತಿತ್ತು. ಅವಳು ಮಾತ್ರ ಸುಮ್ಮನೆ ನಿಂತಿದ್ದಳು. ಅದು ನನಗೆ ಮೊದಲು ವಿಶೇಷ ಅನ್ನಿಸಲಿಲ್ಲ, ಚಿತ್ರವೇ ಹಾಗಿರಬೇಕು ಅಂದುಕೊಂಡೆ. ಆಮೇಲೆ ನನ್ನ ಪಕ್ಕದಲ್ಲಿ ಅಕ್ಕ ಮಾತಾಡಿದಳು. ಕೂತಲ್ಲಿಂದಲೇ, ಗಟ್ಟಿಯಾಗಿ.

"ನಿಮ್ಮ ಮಾತು ಮುಗೀತಲ್ಲ, ಈಗ ನಾನು ಹೇಳ್ತೀನಿ. ಆಚೆ ದಡದಲ್ಲಿ ಹ್ಯಾಗಿದ್ದೆ ಅಂತ ನೀವೆಲ್ಲ ಕೇಳ್ತೀರಿ. ಆಚೆ ದಡದಲ್ಲಿ ಯಾಕಿದ್ದೆ ಅಂತ ಒಬ್ರೂ ಕೇಳುದಿಲ್ಲ. ನಾಳೆ ಬರ್ತೀವಿ ಅಂದ್ರಿ. ಅಂಗಳಕ್ಕೆ ನೀರು ಬಂತು, ನೀವು ಬರ್ಲಿಲ್ಲ."

ಅಕ್ಕ ಬಾಯಿ ತೆರೆಯುತ್ತಲೇ ನಾನು ಅವಳ ಕೈ ಹಿಡಿದು ಪರದೆ ನೋಡಿದ್ದೆ. ಸೀತೆಯ ತುಟಿ ಆಡುತ್ತಿತ್ತು.

ಇಲ್ಲಿ ನಾನು ಬಹಳ ಎಚ್ಚರದಿಂದ ಬರೆಯುತ್ತಿದ್ದೇನೆ. ಒಂದನೇ ಕ್ಲಾಸಿಗೆ ಅಕ್ಷರ ಕಲಿಸುವವಳು ನಾನು. ಪ, ಬ, ಮ ಹೇಳುವಾಗ ತುಟಿ ಮುಚ್ಚಬೇಕು ಎಂದು ಮಕ್ಕಳ ಬಾಯಿ ನೋಡಿ ನೋಡಿ ತಿದ್ದಿದವಳು. ಅಕ್ಕ 'ಬಂತು' ಎಂದಾಗ ಆ ತುಟಿ ಮುಚ್ಚಿ ತೆರೆಯಿತು. 'ಬರ್ಲಿಲ್ಲ' ಎಂದಾಗ ಮುಚ್ಚಿ ತೆರೆಯಿತು. ಅಕ್ಕ ಉಸಿರು ತೆಗೆದುಕೊಳ್ಳಲು ನಿಂತರೆ ಅಲ್ಲೂ ನಿಲ್ಲುತ್ತಿತ್ತು. ಎಲ್ಲೋ ಬೊಂಬಾಯಿ ಕಡೆ, ನಾನು ಹುಟ್ಟುವುದಕ್ಕೂ ಮೊದಲು, ಕನ್ನಡದ ಗಾಳಿಯೂ ತಾಗದ ಯಾರೋ ಗಂಡಸು ಸೀರೆ ಉಟ್ಟು ನಿಂತು ಆಡಿದ ತುಟಿ ಅದು.

"ಎಮ್ಮೆ ಬಿಚ್ಚಿ ಗುಡ್ಡ ಹತ್ತಿದೆ," ಅಕ್ಕ ಹೇಳುತ್ತಿದ್ದಳು. "ಗುರ್ತಿಲ್ಲದ ಹೆಂಗಸ್ರು ಗಂಜಿ ಕೊಟ್ರು, ತಮ್ಮ ಕಂಬಳಿ ಕೊಟ್ರು. ನೀನು ಎಂಥವಳು ಅಂತ ಅವರು ಕೇಳ್ಲಿಲ್ಲ. ಕೇಳಿದ್ದು ನೀವು. ಕಥೆಯಲ್ಲಿ ರಾಮ ಸೇತುವೆನಾದ್ರೂ ಕಟ್ಟಿದ. ನೀವು ಒಂದು ದೋಣಿ ಕಳಿಸ್ಲಿಲ್ಲ. ದಾರಂದ ದಾಟಿಸ್ಕೊಂಡ್ರಿ. ಒಳಕಲ್ಲು ದಾಟಿಸ್ಕೊಂಡ್ರಿ. ನಾನು ಬೆಂಕಿ ಮುಟ್ಟುದಿಲ್ಲ. ಹೆದರಿಕೆಗಲ್ಲ, ದಿನಾ ಬೆಳಗಾದ್ರೆ ಒಲೆ ಹಚ್ಚೋಳು ನಾನೇ. ನಿಮ್ಮ ಮಾತಿಗೆ ಮುಟ್ಟುದಿಲ್ಲ."

ಅಷ್ಟು ಹೇಳಿ ಅಕ್ಕ ಸುಮ್ಮನಾದಳು. ಪರದೆಯ ಮೇಲಿನ ಸೀತೆ ಬಾಯಿ ಮುಚ್ಚಿದಳು. ಬೆಂಕಿಯ ಕಡೆ ಒಮ್ಮೆ ನೋಡಿದಳು. ಬೆನ್ನು ತಿರುಗಿಸಿ, ಅವಸರವಿಲ್ಲದೆ ನಡೆದು, ಚಿತ್ರದ ಅಂಚು ದಾಟಿ ಹೋದಳು. ಮತ್ತೆ ಬರಲಿಲ್ಲ. ರಾಮ ಒಬ್ಬನೇ ಕೈ ಎತ್ತಿಕೊಂಡು ನಿಂತಿದ್ದ. ಕಟ್ಟಿಗೆ ಸುಮ್ಮನೆ ಉರಿಯುತ್ತಿತ್ತು. ಹಾಗೇ ಸ್ವಲ್ಪ ಹೊತ್ತು ಇದ್ದು, ರೀಲು ಮುಗಿದು ಪರದೆ ಬೆಳ್ಳಗಾಯಿತು.

ಆಮೇಲೆ ನಡೆದದ್ದು ನನಗೆ ಆ ಚಿತ್ರಕ್ಕಿಂತ ಹೆಚ್ಚು ನೆನಪಿದೆ. ಒಬ್ಬ ಹೆಂಗಸು ಓ ಎಂದು ಅಳತೊಡಗಿದಳು. ಯಾರೋ ಸೀತಮ್ಮ ತಾಯಿ ಎಂದರು. ಜನ ಎದ್ದು, ಒಬ್ಬರ ಮೇಲೊಬ್ಬರು ಬಿದ್ದು ಪರದೆಗೆ ಅಡ್ಡಬಿದ್ದರು, ಬಟ್ಟೆಯ ಕೆಳಗೆ ಕಾಸು ಎಸೆದರು. ಆರತಿ ತಟ್ಟೆ ಹುಡುಕಿ ಕರ್ಪೂರ ಹಚ್ಚಿದವರು ಯಾರು ಗೊತ್ತೇ? ನಮ್ಮ ಅಪ್ಪಯ್ಯ. ಕಣ್ಣಲ್ಲಿ ನೀರು ಸುರಿಯುತ್ತಿತ್ತು. "ತಾಯಿ ಬಂದಿದ್ಲು, ನನ್ನ ಅರ್ಥಕ್ಕೆ ತಾಯಿನೇ ಉತ್ತರ ಹೇಳಿದ್ಲು," ಎಂದು ಬಟ್ಟೆಗೆ ಆರತಿ ಎತ್ತುತ್ತಿದ್ದರು. ಮಗಳು ಹತ್ತು ಮಾರು ದೂರದಲ್ಲಿ ಚಾಪೆಯ ಮೇಲೆ ಕೂತಿದ್ದಳು. ಅವಳ ಕಡೆ ತಿರುಗಿ ನೋಡಲಿಲ್ಲ.

ಅಕ್ಕನ ಮಾವ ನೋಡಿದರು. ಎದ್ದು ಬಂದು, ಹೆಂಗಸರ ಚಾಪೆಯ ಹತ್ತಿರ ನಿಂತು ಕೈ ಜೋಡಿಸಿದರು. ಅಂಥ ಮನುಷ್ಯ ಸೊಸೆಗೆ ಕೈ ಮುಗಿದದ್ದು ಕಂಡು ಸುತ್ತಲಿನವರು ಮತ್ತಷ್ಟು ಅತ್ತರು.

"ಇನ್ನು ಪ್ರಮಾಣ ಎಲ್ಲ ಬ್ಯಾಡ ಮಾರಾಯ್ತಿ," ಎಂದರು ಅವರು. "ಸೀತಮ್ಮನೇ ನಿನ್ನ ಮೈಮೇಲೆ ಬಂದು ಸಾಕ್ಷಿ ಹೇಳಿದ ಮೇಲೆ ಇನ್ನೆಂತ ಉಂಟು? ಏಳು, ಇವತ್ತೇ ಮನೆಗೆ ಹೋಪ. ನಿನ್ನ ಗಂಡ ಗಾಡಿ ಕಟ್ತಾನೆ."

ಸುತ್ತ ನಿಂತವರ ಮುಖದಲ್ಲೆಲ್ಲ ಎಷ್ಟು ಸಮಾಧಾನ. ಎಲ್ಲವೂ ಸರಿಹೋಯಿತಲ್ಲ. ಯಾರದೂ ತಪ್ಪಿಲ್ಲ, ಯಾರಿಗೂ ಬೈಗುಳವಿಲ್ಲ, ದೇವರು ಬಂದು ಹೋದಳು, ಸೊಸೆ ಮನೆಗೆ ಹೋಗುತ್ತಾಳೆ. ನನಗೆ ಅವರನ್ನೆಲ್ಲ ಹಿಡಿದು ಬಡಿಯಬೇಕು ಅನ್ನಿಸಿತು. ಅಷ್ಟು ಹೊತ್ತು ಅಕ್ಕ ಹೇಳಿದ ಒಂದು ಮಾತೂ ಇವರ ಕಿವಿಗೆ ಬಿದ್ದಿರಲಿಲ್ಲ. ಮನುಷ್ಯಳು ಹೇಳಿದ್ದಾದರೆ ಉತ್ತರ ಕೊಡಬೇಕು. ದೇವರು ಹೇಳಿದ್ದಾದರೆ ಕರ್ಪೂರ ಹಚ್ಚಿದರೆ ಸಾಕು.

ಅಕ್ಕ ಎದ್ದಳು. ಸೀರೆಗೆ ಅಂಟಿದ ತೌಡು ಕೊಡವಿದಳು. "ಸೀತಮ್ಮ ಅಲ್ಲ ಮಾವ," ಎಂದಳು. "ಮಾತಾಡಿದ್ದು ನಾನು."

ಮಾವನಿಗೆ ಅರ್ಥವಾಗಲಿಲ್ಲ. ಏನೋ ಹೇಳಲು ಬಾಯಿ ತೆರೆದರು.

"ನಾನು ಬರುದಿಲ್ಲ," ಎಂದಳು ಅಕ್ಕ. ಕುರ್ಚಿಯಲ್ಲಿ ತಲೆ ತಗ್ಗಿಸಿ ಕೂತಿದ್ದ ಭಾವನ ಎದುರಿನಿಂದಲೇ ಹಾದು, ಬಾಗಿಲ ಹೊರಗೆ ಬಿಟ್ಟಿದ್ದ ಚಪ್ಪಲಿ ಮೆಟ್ಟಿಕೊಂಡು ಹೊರಟಳು. ನಾನೂ ಹಿಂದೆ ಓಡಿದೆ. ಹೊರಗೆ ಇನ್ನೂ ಬಿಸಿಲಿತ್ತು.

ಮರುದಿನ ಬೆಳಿಗ್ಗೆ ಪ್ರಮಾಣ ನಡೆಯಲಿಲ್ಲ. ನಾನು ಗೋದಾಮಿಗೆ ಹೋದೆ. ರಾತ್ರಿಯಿಡೀ ಯೋಚಿಸಿ, ಇದರಲ್ಲಿ ಏನೋ ಕೈಚಳಕ ಇದೆ ಎಂದು ತೀರ್ಮಾನಿಸಿದ್ದೆ. ದತ್ತೋಬ ಪೆಟ್ಟಿಗೆ ಕಟ್ಟುತ್ತಿದ್ದ. ಕೊನೆಯ ರೀಲು ಇನ್ನೊಮ್ಮೆ ತೋರಿಸು ಎಂದೆ. ಅವನು ಆಗುವುದಿಲ್ಲ ಎಂದ. ನಾನು ಬಿಡಲಿಲ್ಲ. ಜಗಳವಾಡಿದೆ ಎಂದೇ ಹೇಳಬೇಕು. ಕೊನೆಗೆ ಗೊಣಗುತ್ತಾ ದೀಪ ಹಚ್ಚಿದ.

ರಾಮ ಕೈ ಎತ್ತಿ ಮಾತಾಡಿದ. ಸೀತೆ ಕೈ ಮುಗಿದಳು, ತಲೆ ಬಗ್ಗಿಸಿದಳು, ಸುತ್ತು ಬಂದು ಬೆಂಕಿಗೆ ಇಳಿದಳು. ಆಮೇಲೆ ಅಗ್ನಿದೇವ ಅವಳನ್ನು ಎತ್ತಿಕೊಂಡು ಮೇಲೆ ಬಂದ. ಬೆಂಕಿಗೆ ಇಳಿಯುವ ತನಕದ್ದು ಅಪ್ಪಯ್ಯ ಶಾಲು ಸರಿಮಾಡಿಕೊಳ್ಳುವಷ್ಟು ಹೊತ್ತೂ ಹಿಡಿಯಲಿಲ್ಲ. ತುಟಿ ಒಮ್ಮೆಯೂ ಅಲುಗಲಿಲ್ಲ.

"ನಿನ್ನೆ ಏನು ತಿರುಗಿಸಿದೆ?" ಎಂದು ಕೇಳಿದೆ.

"ಇದನ್ನಽ ತಿರಗಿಸೇನ್ರೀ ತಾಯಿ," ಎಂದ ದತ್ತೋಬ. "ಬೇರೇ ರೀಲರ ಎಲ್ಲೈತಿ ನನ್ನ ಕಡೆ? ಮೀಸಿ ಮೂಡೂದಕ್ಕಿಂತ ಮದಲಿಂದ ಇದನ್ನ ನೋಡಾಕತ್ತೇನಿ, ಆಕಿ ಎಂದೂ ಹಂಗ ನಿಂತಾಕಿ ಅಲ್ಲ. ಕೈ ಸೋತು ಸೋತು ಬಂದ್ರೂ ರೀಲು ತೀರವಲ್ದು. ನಿಲ್ಲಸಾಕ ಅಂಜಿಕಿ, ನಿಂತ್ರ ಹೊತ್ತಿ ಉರೀತೈತಿ. ಹಂಗಽ ತಿರಗಿಸಿಕೋತ ನಿಂತೆ."

ಅವನು ಸುಳ್ಳು ಹೇಳುತ್ತಿದ್ದ ಎಂದು ನನಗೆ ಅನ್ನಿಸಲಿಲ್ಲ. ಅವತ್ತೇ ಸಂಜೆಯ ಬಸ್ಸಿಗೆ ಹೋದವನು ಮತ್ತೆ ಈ ಕಡೆ ಬರಲಿಲ್ಲ.

ನಾನು ಅಷ್ಟಕ್ಕೇ ಬಿಡಲಿಲ್ಲ. ಸಿಕ್ಕವರನ್ನೆಲ್ಲ ಬೇರೆ ಬೇರೆ ಕೂರಿಸಿ, ಕ್ಲಾಸಿನಲ್ಲಿ ಕಳ್ಳತನ ಆದಾಗ ಮಕ್ಕಳನ್ನು ಕೇಳಿದ ಹಾಗೆ ಕೇಳಿದೆ. ತುಟಿ ಆಡಿದ್ದು, ಸೀತೆ ನಡೆದು ಹೋದದ್ದು ಎಲ್ಲರೂ ಕಂಡಿದ್ದರು. ಬಲಕ್ಕೆ ಹೋದಳು ಎಂದು ಕೆಲವರು, ಎಡಕ್ಕೆ ಎಂದು ಕೆಲವರು. ಭಾವನನ್ನು ಹೊಸನಗರದ ಸಂತೆಯಲ್ಲಿ ಹಿಡಿದು ಕೇಳಿದೆ. ತಲೆ ತಗ್ಗಿಸಿದ್ದೆ, ಏನೂ ನೋಡಿಲ್ಲ ಎಂದ. ಅದನ್ನು ಮಾತ್ರ ನಂಬಿದೆ.

ಒಂದು ವಿವರಣೆ ನನಗೆ ಹೊಳೆದಿತ್ತು. ಚಿತ್ರದಲ್ಲಿ ಹೇಗೋ ತುಟಿ ಆಡಿರಬೇಕು, ಅದನ್ನು ನೋಡಿ ಅಕ್ಕ ಅದಕ್ಕೆ ಸರಿಯಾಗಿ ಮಾತು ಕೂಡಿಸಿರಬೇಕು. ಅರ್ಥಧಾರಿಯ ಮಗಳಲ್ಲವೇ, ಅಷ್ಟು ಬರುತ್ತದೆ. ಇದರಿಂದ ಎಲ್ಲವೂ ತೀರುವುದಿಲ್ಲ, ಆದರೆ ಅರ್ಧವಾದರೂ ತೀರುತ್ತಿತ್ತು. ಅಕ್ಕ ಆಮೇಲೆ ಸಾಗರಕ್ಕೆ ಹೋಗಿ ಹೊಲಿಗೆ ಕಲಿತು, ಅಲ್ಲೇ ಒಂದು ರೂಮು ಮಾಡಿಕೊಂಡು ಮಶಿನ್ನು ಇಟ್ಟಳು. ಒಂದು ರಜೆಯಲ್ಲಿ ಅವಳ ಹತ್ತಿರ ಹೋಗಿ ಇದನ್ನು ಕೇಳಿದೆ.

ಅವಳು ರವಿಕೆಯೊಂದಕ್ಕೆ ಹುಕ್ಕು ಹಾಕುತ್ತಿದ್ದಳು. "ನಾನು ಪರದೆ ಎಲ್ಲಿ ನೋಡಿದ್ದೆ ಮಾರಾಯ್ತಿ? ಅಪ್ಪಯ್ಯನ ಮುಖ ನೋಡ್ತಿದ್ದೆ," ಎಂದಳು. "ಏನಾದ್ರೂ ಹೇಳ್ತಾರೇನೋ ಅಂತ."

ಅಪ್ಪಯ್ಯ ಏನೂ ಹೇಳಲಿಲ್ಲ. ಬದುಕಿದ್ದಷ್ಟು ಕಾಲ ಬಂದ ನೆಂಟರಿಗೆಲ್ಲ ಆ ಮಧ್ಯಾಹ್ನದ ಕಥೆ ಹೇಳಿದರು. ಅವರ ಕಥೆಯಲ್ಲಿ ಬೆಳಕು ಬರುತ್ತಿತ್ತು, ಪರಿಮಳ ಬರುತ್ತಿತ್ತು, ಪರದೆಯಿಂದ ಸೀತಮ್ಮ ಇಳಿದು ಬಂದಷ್ಟೇ ಆಗುತ್ತಿತ್ತು. ತಾಯಿ ಏನು ಹೇಳಿದಳು ಎಂದು ಯಾರಾದರೂ ಕೇಳಿದರೆ, ಅದೆಲ್ಲ ದೇವರ ಮಾತು, ನಮ್ಮ ಬಾಯಲ್ಲಿ ಬರುವಂಥದಲ್ಲ ಎನ್ನುತ್ತಿದ್ದರು. ಎಷ್ಟೋ ಪ್ರಸಂಗಗಳ ಪದಗಳು ಬಾಯಿಪಾಠವಿದ್ದ ಮನುಷ್ಯ. ನಾನು ಒಮ್ಮೆ ಅಡುಗೆಮನೆಯಿಂದ ಬಂದು, ನೆಂಟರೆದುರೇ ಅಕ್ಕನ ಮಾತುಗಳನ್ನು ಒಂದೂ ಬಿಡದೆ ಒಪ್ಪಿಸಿದೆ. ನೆಂಟರು ಕಾಫಿ ಲೋಟ ಕೆಳಗಿಟ್ಟರು. ಅಪ್ಪಯ್ಯ ಎದ್ದು ಕೈಕಾಲು ತೊಳೆಯಲು ಹೋದರು.

ಆ ಸೀತೆ ಹೇಗೆ ನಿಂತಳು, ತುಟಿ ಹೇಗೆ ಆಡಿತು, ರೀಲು ಹೇಗೆ ಉದ್ದವಾಯಿತು ಎಂಬುದಕ್ಕೆ ನನ್ನಲ್ಲಿ ಇವತ್ತಿಗೂ ಉತ್ತರವಿಲ್ಲ. ನಾನು ಕಂಡದ್ದು ಸುಳ್ಳಲ್ಲ, ಅಷ್ಟು ಬಲ್ಲೆ. ಈ ಕಥೆ ಕೇಳಿದವರು ಎಲ್ಲರೂ ಮತ್ತೆ ಮತ್ತೆ ಅದನ್ನೇ ಕೇಳುತ್ತಾರೆ. ದೀಪ ಎಂಥದು, ಯಂತ್ರ ಎಂಥದು, ಸೀತೆ ಯಾವ ಕಡೆ ಹೋದಳು ಎಂದು ಎದೆ ಹಿಡಿದುಕೊಂಡು ಕೇಳುತ್ತಾರೆ. ನಮ್ಮ ಅಕ್ಕನನ್ನು ನೀರಿನಾಚೆ ಯಾಕೆ ಬಿಟ್ಟು ಬಂದರು ಎಂದು ಇಲ್ಲಿಯವರೆಗೆ ಒಬ್ಬರೂ ಕೇಳಿಲ್ಲ.